ಪೌತಿ ಖಾತೆ ಮಾಡಿಸಿದ್ದು: ನನ್ನ ಅನುಭವ

ಅಪ್ಪ ತೀರಿಕೊಂಡರೆ ಪಹಣಿ (ಜಮೀನಿನ ಹಕ್ಕುದಾಖಲೆ) ತಾನಾಗಿ ಮಕ್ಕಳ ಹೆಸರಿಗೆ ಬರುವುದಿಲ್ಲ; ಅದನ್ನು ವಾರಸುದಾರರ ಹೆಸರಿಗೆ ಬದಲಾಯಿಸಿಕೊಳ್ಳುವುದೇ ಪೌತಿ ಖಾತೆ. ಕರ್ನಾಟಕ ಭೂಕಂದಾಯ ಕಾಯ್ದೆ 1964ರ 128ನೇ ಕಲಂ ಪ್ರಕಾರ ವಾರಸುದಾರರೇ ಮೂರು ತಿಂಗಳೊಳಗೆ ವರದಿ ಕೊಡಬೇಕು. ತಡವಾದರೆ ಹಕ್ಕೇನೂ ಹೋಗದು. ಆದರೆ ಸೊಸೈಟಿಯ ಬೆಳೆಸಾಲ, ಬೆಳೆ ಪರಿಹಾರ, ಪಿಎಂ ಕಿಸಾನ್ ಎಲ್ಲದಕ್ಕೂ ಪಹಣಿಯಲ್ಲಿ ಹೆಸರು ಕೇಳುತ್ತಾರೆ.

ಮರಣ ಪ್ರಮಾಣಪತ್ರ, ವಂಶವೃಕ್ಷ, ಎಲ್ಲರ ಆಧಾರ್, ಪಹಣಿ ಇಟ್ಟು ನಾಡಕಚೇರಿಯಲ್ಲಿ ಅರ್ಜಿ ಕೊಟ್ಟೆ. 'ವಂಶವೃಕ್ಷದಲ್ಲಿ ಹೆಣ್ಣುಮಕ್ಕಳನ್ನು ಬಿಟ್ಟುಬಿಡಿ, ಬೇಗ ಆಗುತ್ತೆ' ಎಂದವರೂ ಇದ್ದರು; ಹೆಣ್ಣುಮಕ್ಕಳಿಗೂ ಸಮಪಾಲು ಕೊಟ್ಟ ಹಿಂದೂ ಉತ್ತರಾಧಿಕಾರ ಕಾಯ್ದೆಯ 2005ರ ತಿದ್ದುಪಡಿ ಬಂದು ಇಷ್ಟು ವರ್ಷವಾದರೂ ಈ ಬುದ್ಧಿವಾದ ನಿಂತಿಲ್ಲ. ಅಮ್ಮ, ಅಕ್ಕ, ತಮ್ಮ, ನಾನು ಎಲ್ಲರ ಹೆಸರೂ ಬರೆಸಿ ಜಂಟಿ ಖಾತೆಯನ್ನೇ ಕೇಳಿದೆವು. ಯಾರಿಗೆಷ್ಟು ಎಂಬುದನ್ನು ಆಮೇಲೆ ವಿಭಾಗ ಪತ್ರ ನೋಂದಾಯಿಸಿ ಮಾಡಿಕೊಳ್ಳಬಹುದು. ಪಾಲಿನ ಜಗಳವನ್ನು ಪೌತಿಯೊಳಗೆ ಎಳೆದು ತಂದ ಪಕ್ಕದ ಹೊಲದವರ ಅರ್ಜಿ ತಕರಾರಿಗೆ ಹೋಗಿ ಇನ್ನೂ ವಿಚಾರಣೆಯಲ್ಲೇ ಇದೆ.

ತಕರಾರಿದ್ದರೆ ತಿಳಿಸಿ ಎಂದು ಹೊರಡಿಸಿದ ನಮ್ಮ ನೋಟಿಸಿನ 30 ದಿನ ಕಳೆಯಿತು, ತಕರಾರು ಬರಲಿಲ್ಲ. ಆದರೂ ಕಡತ ಅಲ್ಲಾಡಲಿಲ್ಲ. 'ಸಾಹೇಬ್ರು ಮೀಟಿಂಗಲ್ಲಿದಾರೆ', 'ಸರ್ವರ್ ಇಲ್ಲ', 'ಮುಂದಿನ ವಾರ ಬನ್ನಿ'. ಗ್ರಾಮ ಲೆಕ್ಕಿಗರು ಆರ್‌ಐ (ಕಂದಾಯ ನಿರೀಕ್ಷಕರು) ಕಡೆ ಕೈ ತೋರಿಸಿದರೆ, ಆರ್‌ಐ ಪಹಣಿ ಕಂಪ್ಯೂಟರ್ ನೋಡಿಕೊಳ್ಳುವ ಭೂಮಿ ಶಾಖೆ ಕಡೆ. ಕೊನೆಗೆ ಬಾಯಲ್ಲಿ ಕೇಳುವುದನ್ನು ಬಿಟ್ಟೆ. ಅರ್ಜಿಗೆ ಕೊಟ್ಟಿದ್ದ ಸಕಾಲ ಸಂಖ್ಯೆ ನಮೂದಿಸಿ, 'ಯಾರ ಲಾಗಿನ್‌ನಲ್ಲಿ, ಯಾವ ಕಾರಣಕ್ಕೆ ಬಾಕಿ ಇದೆ, ತಿಳಿಸಿ' ಎಂದು ತಹಶೀಲ್ದಾರರಿಗೆ ಒಂದೇ ಹಾಳೆಯ ಪತ್ರ ಕೊಟ್ಟು, ನನ್ನ ಪ್ರತಿಯ ಮೇಲೆ ಟಪಾಲು ಸೀಲು ಹಾಕಿಸಿಕೊಂಡೆ. ಇಡೀ ಓಡಾಟದಲ್ಲಿ ಕೆಲಸಕ್ಕೆ ಬಂದದ್ದು ಆ ಸೀಲು.

ಕಾರಣ ಆಗ ಹೊರಬಿತ್ತು: ಪಹಣಿಯ ಕಾಲಂ 3 ಮತ್ತು 9 ತಾಳೆಯಾಗುತ್ತಿಲ್ಲ. 3ರಲ್ಲಿ ಸರ್ವೆ ನಂಬರಿನ ವಿಸ್ತೀರ್ಣ 2 ಎಕರೆ 14 ಗುಂಟೆ; 9ರಲ್ಲಿರುವ ಖಾತೆದಾರರದ್ದೆಲ್ಲ ಕೂಡಿದರೆ 2 ಎಕರೆ 16. ಕೈಬರಹದ ಪಹಣಿಯನ್ನು ಕಂಪ್ಯೂಟರಿಗೆ ಏರಿಸುವಾಗ ಹುಟ್ಟಿದ ಎರಡು ಗುಂಟೆ! ಅರ್ಜಿ ತೆಗೆದುಕೊಂಡ ದಿನವೇ ಹೇಳಬಹುದಾಗಿದ್ದ ವಿಷಯ. ರೆಕಾರ್ಡ್ ರೂಮಿನಿಂದ ಹಳೇ ಕೈಬರಹದ ಪಹಣಿ, ಹಿಂದಿನ ಎಂ.ಆರ್. (ಖಾತೆ ಬದಲಾವಣೆಯ ದಾಖಲೆ), ಸರ್ವೆ ಇಲಾಖೆಯಿಂದ ಆಕಾರ್‌ಬಂದ್ (ಸರ್ವೆ ನಂಬರಿನ ವಿಸ್ತೀರ್ಣದ ದಾಖಲೆ) ನಕಲು ತೆಗೆಸಿ ತಿದ್ದುಪಡಿಗೆ ಬೇರೆ ಅರ್ಜಿ ಹಾಕಬೇಕಾಯಿತು. ಅದು ಮುಗಿದ ಮೇಲೆ ಪೌತಿಗೆ ಹೆಚ್ಚು ಹೊತ್ತು ಹಿಡಿಯಲಿಲ್ಲ. ಅರ್ಜಿ ಹಾಕುವ ಮುಂಚೆಯೇ ಈ ಎರಡು ಕಾಲಂ ಕೂಡಿ ನೋಡಿಕೊಳ್ಳಿ. ಸ್ಲೇಟಿನ ಲೆಕ್ಕ ಅಷ್ಟೇ.

ಹೊಸ ಪಹಣಿ ಕೈಗೆ ಬಂದಾಗ ಹೆಸರಷ್ಟೇ ನೋಡಿ ಮಡಚಿಡಬೇಡಿ, ಸಾಲಸೋಲ ನಮೂದಿಸುವ ಕಾಲಂ 11ನ್ನೂ ಓದಿ. ಅಪ್ಪ ಎಂದೋ ತೀರಿಸಿದ್ದ ಸೊಸೈಟಿ ಸಾಲ ನಮ್ಮ ಪಹಣಿಯಲ್ಲಿ ಹಾಗೇ ಕೂತಿತ್ತು. ಋಣಮುಕ್ತ ಪತ್ರ ತಂದು ಅದನ್ನು ತೆಗೆಸಿ, ಆಮೇಲೆ ಸರ್ಕಾರದ ರೈತ ನೋಂದಣಿ ತಂತ್ರಾಂಶವಾದ ಫ್ರೂಟ್ಸ್‌ನಲ್ಲಿ ನಾಲ್ವರ ಐಡಿಗೂ ಸರ್ವೆ ನಂಬರ್ ಸೇರಿಸಿದೆವು.