ಮೊಟ್ಟೆ ಹೇಂಟೆಯ ಕೆಲಸ, ಹುಂಜ ಬೇಕಾಗುವುದು ಮರಿಗೆ: ನನ್ನ ಅನುಭವ

ತಿನ್ನುವ ಮೊಟ್ಟೆಗೆಂದು ಸಾಕಿದ ಹೇಂಟೆಗಳ ಜೊತೆ ನಾನು ಹುಂಜ ಬಿಡುವುದಿಲ್ಲ. ಮರಿ ಬೇಕೆನಿಸಿದಾಗ ಮಾತ್ರ ಬಿಡುತ್ತೇನೆ. ಹುಂಜವಿಲ್ಲದೆ ಮೊಟ್ಟೆ ಎಲ್ಲಿಂದ ಬರುತ್ತದೆ ಎಂದು ಕೇಳುವವರು ಇನ್ನೂ ಇದ್ದಾರೆ. ಅಂಡಾಶಯದಿಂದ ಹಳದಿ ಕಳಚಿಕೊಳ್ಳಲು ಹುಂಜದ ಅಪ್ಪಣೆ ಬೇಕಿಲ್ಲ; ವಯಸ್ಸು, ಬೆಳಕು, ಮೇವು, ನೀರು ಕೂಡಿಬಂದರೆ ಸಾಕು.

ಹೇಂಟೆಯಲ್ಲಿ ಎಡಗಡೆಯ ಅಂಡಾಶಯ ಮತ್ತು ಮೊಟ್ಟೆ ಸಾಗಿಬರುವ ನಾಳ ಮಾತ್ರ ಬೆಳೆದಿರುತ್ತವೆ. ಚಿಕ್ಕವು ದೊಡ್ಡವು ಸೇರಿ ಹಳದಿಗಳು ಅಲ್ಲಿ ದ್ರಾಕ್ಷಿ ಗೊಂಚಲಿನಂತೆ ಕೂತಿರುತ್ತವೆ. ಕೊನೆಯ 7ರಿಂದ 10 ದಿನಗಳಲ್ಲಿ ಒಂದೊಂದೂ ಭರದಿಂದ ದಪ್ಪವಾಗಿ, ಸರದಿ ಬಂದಾಗ ಕಳಚಿ ನಾಳದ ಬಾಯಿಗೆ ಬೀಳುತ್ತದೆ. ಅಲ್ಲಿ 15ರಿಂದ 30 ನಿಮಿಷ ಇರುತ್ತದೆ. ಮುಂದೆ ಬಿಳಿ ಲೋಳೆ ಸುತ್ತಿಕೊಳ್ಳಲು ಸುಮಾರು 3 ಗಂಟೆ, ಒಳಪೊರೆಗಳಿಗೆ ಒಂದು ಗಂಟೆ ಚಿಲ್ಲರೆ, ಚಿಪ್ಪಿಗೆ ಹೆಚ್ಚುಕಡಿಮೆ 20 ಗಂಟೆ. ಒಟ್ಟು 24ರಿಂದ 26 ಗಂಟೆ. ಮೊಟ್ಟೆ ಇಟ್ಟ ಅರ್ಧ ಗಂಟೆಯ ಮೇಲಷ್ಟೇ ಮುಂದಿನ ಹಳದಿ ಕಳಚುತ್ತದೆ. ಹಾಗಾಗಿ ಇಂದು ಎಂಟಕ್ಕೆ ಇಟ್ಟದ್ದು ನಾಳೆ ಒಂಬತ್ತು ದಾಟಿಸುತ್ತದೆ, ದಿನದಿನಕ್ಕೂ ತಡವಾಗುತ್ತಾ ಮಧ್ಯಾಹ್ನಕ್ಕೆ ಬಂದು, ಒಂದು ದಿನ ಬಿಟ್ಟು ಮತ್ತೆ ಬೆಳಿಗ್ಗೆಯಿಂದ ಶುರು ಮಾಡುತ್ತದೆ. ಆ ಖಾಲಿ ದಿನಕ್ಕೆ ಔಷಧಿ ಹುಡುಕಬೇಡಿ.

ಮೊದಲ ಮೊಟ್ಟೆ ಹತ್ತಿರ ಬಂದಿದೆಯೇ ಎಂದು ನೋಡಲು ಮೂರು ಗುರುತು: ಜುಟ್ಟು ಕೆಂಪೇರುತ್ತದೆ, ಬೆನ್ನ ಮೇಲೆ ಕೈಯಿಟ್ಟರೆ ರೆಕ್ಕೆ ಸಡಿಲಿಸಿ ಕುಕ್ಕರಿಸುತ್ತದೆ, ಮಲದ್ವಾರದ ಎರಡೂ ಬದಿಯ ಮೂಳೆತುದಿಗಳ ನಡುವೆ ಎರಡು ಬೆರಳು ಹಿಡಿಸುತ್ತದೆ. ಮೊಟ್ಟೆಗೆಂದೇ ಬೆಳೆಸಿದ ತಳಿಗಳು 18ರಿಂದ 20 ವಾರಕ್ಕೆ ಶುರು ಮಾಡುತ್ತವೆ, ನಾಟಿಯವು ನಿಧಾನ. ಆಗ ಗೂಡು ಸಿದ್ಧವಿರಬೇಕು: 4–5 ಹೇಂಟೆಗೆ ಒಂದರಂತೆ, ಒಂದು ಅಡಿ ಉದ್ದಗಲ, ಕತ್ತಲಾದ ಮೂಲೆ, ದಪ್ಪಗೆ ಒಣಹುಲ್ಲು.

ಬೆಳಕು 14ರಿಂದ 16 ಗಂಟೆ ಬೇಕು. ಹಗಲು ಕುಗ್ಗುವ ಕಾಲದಲ್ಲಿ ಬೆಳಗಿನ ಜಾವ ದೀಪ ಹಾಕಿ ಸರಿದೂಗಿಸುತ್ತೇನೆ. ಸಂಜೆ ಹಾಕಿದರೆ ದೀಪ ಆರಿದ ಕ್ಷಣಕ್ಕೆ ಕೋಳಿಗಳು ಕೂರುಗೋಲು ಕಾಣದೆ ನೆಲದಲ್ಲೇ ಉಳಿದುಬಿಡುತ್ತವೆ. ಒಂದು ದಿನ ಹಾಕಿ ಒಂದು ದಿನ ಮರೆತರೆ ಮೊಟ್ಟೆ ಇನ್ನೂ ಇಳಿಯುತ್ತದೆ, ಆದ್ದರಿಂದ ಟೈಮರ್ ಇಲ್ಲದಿದ್ದರೆ ಈ ಕೆಲಸಕ್ಕೆ ಕೈ ಹಾಕದಿರುವುದೇ ವಾಸಿ. ಪುಕ್ಕ ಉದುರುವಾಗ, ಕಾವಿಗೆ ಕೂತಾಗ ಮೊಟ್ಟೆ ನಿಲ್ಲುವುದು ಸಹಜ.

ಒಂದು ಹೇಂಟೆಗೆ ಮೇವು ದಿನಕ್ಕೆ 110ರಿಂದ 120 ಗ್ರಾಂ, ಅದರಲ್ಲಿ ಪ್ರೋಟೀನ್ ಶೇ. 16–18. ನೀರು ಕಾಲು ಲೀಟರ್, ಸೆಕೆಗಾಲದಲ್ಲಿ ಅದರ ಎರಡರಷ್ಟು. ಒಂದು ಮೊಟ್ಟೆಯ ಚಿಪ್ಪಿಗೆ ಸುಮಾರು 2 ಗ್ರಾಂ ಕ್ಯಾಲ್ಸಿಯಂ ಹೋಗುತ್ತದೆ. ಚಿಪ್ಪು ಕಟ್ಟುವ ಕೆಲಸ ಬಹುಪಾಲು ರಾತ್ರಿ ನಡೆಯುವುದರಿಂದ ಸಂಜೆ ಹೊತ್ತಿಗೆ ಬೇರೆ ಬಟ್ಟಲಲ್ಲಿ ಚಿಪ್ಪುಚೂರು (ಕಪ್ಪೆಚಿಪ್ಪಿನ ಚೂರು) ಇಡುತ್ತೇನೆ. ನುಣ್ಣಗಿನ ಪುಡಿ ಹೊಟ್ಟೆಯಲ್ಲಿ ಬೇಗ ಕರಗಿಹೋಗುತ್ತದೆ, ಚೂರು ರಾತ್ರಿಯಿಡೀ ನಿಧಾನವಾಗಿ ಕರಗುತ್ತದೆ. ಮೊಟ್ಟೆ ಇಡದ ಎಳೆಯ ಹೇಂಟೆಗೂ ಹುಂಜಕ್ಕೂ ಮೊಟ್ಟೆಕೋಳಿಯ ಮೇವೇ ನಿತ್ಯ ಹಾಕಿದರೆ ಅತಿಯಾದ ಕ್ಯಾಲ್ಸಿಯಂ ಮೂತ್ರಪಿಂಡ ಕೆಡಿಸಬಹುದು. ಬೇರೆ ಬಟ್ಟಲು ಇಡಲು ಇದೂ ಒಂದು ಕಾರಣ.

ಚಿಪ್ಪಿಲ್ಲದ ಮೆತ್ತನೆ ಮೊಟ್ಟೆ ಬಂದರೆ ಹುಂಜ ಇಲ್ಲದ್ದಕ್ಕೆ ಹೀಗಾಯಿತು ಎನ್ನುವುದು ಬರಿ ಮಾತು. ಹೊಸದಾಗಿ ಶುರು ಮಾಡಿದ ಹೇಂಟೆ ಒಂದೆರಡು ಹಾಗೆ ಇಟ್ಟೀತು, ಬಿಡಿ. ಮುಂದುವರಿದರೆ ಚಿಪ್ಪುಚೂರು ಸಾಲುತ್ತಿದೆಯೇ, ರಾತ್ರಿ ಏನಾದರೂ ಹೆದರಿಸುತ್ತಿದೆಯೇ ನೋಡಿ. ಸೆಕೆಗೆ ಬಾಯಿ ತೆರೆದು ಏದುಸಿರು ಬಿಡುವ ಕೋಳಿ ಇಂಗಾಲದ ಡೈಆಕ್ಸೈಡ್ ಕಳೆದುಕೊಂಡು, ಸುಣ್ಣ ಕಟ್ಟಲು ಬೇಕಾದ ಬೈಕಾರ್ಬನೇಟ್ ಕಡಿಮೆಯಾಗಿ, ತೆಳು ಚಿಪ್ಪಿನ ಮೊಟ್ಟೆ ಇಡುತ್ತದೆ. ಅದಕ್ಕೆ ನೆರಳು, ಗಾಳಿ, ತಣ್ಣೀರೇ ಮದ್ದು. ಹಳದಿಯ ಮೇಲಿನ ರಕ್ತದ ಚುಕ್ಕೆಯೂ ಹುಂಜದ ಕುರುಹಲ್ಲ. ಹಳದಿ ಕಳಚುವಾಗ ಸಣ್ಣ ರಕ್ತನಾಳ ಒಡೆದದ್ದು.

ಇನ್ನು ಮರಿಯ ವಿಷಯ. ಹುಂಜ ಹೇಂಟೆಯ ಕುತ್ತಿಗೆಯ ಗರಿ ಕಚ್ಚಿ ಬೆನ್ನೇರಿ, ದ್ವಾರಕ್ಕೆ ದ್ವಾರ ತಾಗಿಸುತ್ತದೆ. ಕೆಲವೇ ಸೆಕೆಂಡಿನ ಕೆಲಸ. ವೀರ್ಯಾಣುಗಳು ನಾಳದ ಕೆಳಭಾಗದ ಸಣ್ಣ ಚೀಲಗಳಲ್ಲಿ ಕೂಡಿಟ್ಟುಕೊಂಡು ಎರಡು ವಾರ, ಕೆಲವೊಮ್ಮೆ ಮೂರು ವಾರದವರೆಗೂ ಬದುಕುತ್ತವೆ. ಹಳದಿ ನಾಳದ ಬಾಯಿಯಲ್ಲಿರುವ ಆ ಕಾಲು ಗಂಟೆಯಲ್ಲೇ ವೀರ್ಯಾಣು ಅದರೊಂದಿಗೆ ಕೂಡಬೇಕು. ಲೋಳೆ ಸುತ್ತಿದ ಮೇಲೆ ಸಾಧ್ಯವಿಲ್ಲ. ಹುಂಜ ಬಿಟ್ಟು ಒಂದು ವಾರದ ಬಳಿಕ ನಾನು ಮೊಟ್ಟೆ ಕೂಡಿಡಲು ಶುರು ಮಾಡುತ್ತೇನೆ. ಹುಂಜ ಬದಲಿಸಿ ಬೇರೆ ತಳಿಯ ಮರಿ ಬೇಕೆಂದರೆ ಮೂರು ವಾರ ಕಾಯಬೇಕು, ಇಲ್ಲವಾದರೆ ಹಳೆಯ ಹುಂಜದ ಮರಿಯೇ ಬಂದೀತು.

ಹಗುರ ತಳಿಗೆ 10–12 ಹೇಂಟೆಗೆ ಒಂದು ಹುಂಜ, ಭಾರದ ತಳಿಗೆ 8ಕ್ಕೆ ಒಂದು. ಹೆಚ್ಚಾದರೆ ಹೇಂಟೆಗಳ ಬೆನ್ನು ಬೋಳಾಗುತ್ತದೆ, ಹುಂಜಗಳು ಕಾದಾಡುತ್ತಾ ಒಂದರ ಕೂಡಿಕೆಯನ್ನು ಇನ್ನೊಂದು ಕೆಡಿಸುತ್ತದೆ. ಪುಕ್ಕ ದಟ್ಟವಾದ ತಳಿಯಲ್ಲಿ ಹುಂಜ, ಹೇಂಟೆ ಎರಡರದ್ದೂ ದ್ವಾರದ ಸುತ್ತಲಿನ ಪುಕ್ಕಕ್ಕೆ ಕತ್ತರಿ ಆಡಿಸಿ. ಕಾಲುಮುಳ್ಳು ಉದ್ದವಾಗಿದ್ದರೆ ತುದಿ ಮಾತ್ರ ಅರದಿಂದ ಉಜ್ಜಿ ಮೊಂಡಾಗಿಸಿ. ಬುಡದಲ್ಲಿ ರಕ್ತನಾಳ ಇದೆ.

ಹುಂಜ ಕೆಲಸ ಮಾಡುತ್ತಿದೆಯೇ ಎಂದು ತಿಳಿಯಲು ಎರಡು ಮೂರು ಮೊಟ್ಟೆ ಒಡೆದು ನೋಡುತ್ತೇನೆ. ಹಳದಿಯ ಮೇಲಿನ ಬಿಳಿ ಚುಕ್ಕೆ ಅಂಚು ಕದಡಿದ ಸಣ್ಣ ಕಲೆಯಾಗಿದ್ದರೆ ಮರಿಯಾಗದು. ದುಂಡಗೆ, ಉಂಗುರದೊಳಗೆ ಉಂಗುರವಿಟ್ಟಂತೆ ಇದ್ದರೆ ಕೂಡಿದ ಮೊಟ್ಟೆ. ಮರಿಗೆ ಇಡುವ ಮೊಟ್ಟೆಯನ್ನು ತೊಳೆಯದೆ, ಚೂಪು ತುದಿ ಕೆಳಗೆ ಮಾಡಿ, ತಂಪಾದ ಕಡೆ ಒಂದು ವಾರ ಮೀರದಂತೆ ಇಡಿ. ಫ್ಯಾನ್ ಇರುವ ಇನ್‌ಕ್ಯುಬೇಟರ್‌ನಲ್ಲಿ 37.5 ಡಿಗ್ರಿ, ತೇವಾಂಶ ಶೇ. 50–55, ದಿನಕ್ಕೆ ಕನಿಷ್ಠ ಮೂರು ಸಲ ತಿರುಗಿಸಬೇಕು. 18ನೇ ದಿನ ತಿರುಗಿಸುವುದು ನಿಲ್ಲಿಸಿ ತೇವಾಂಶ ಶೇ. 65–70ಕ್ಕೆ ಏರಿಸಿದರೆ 21ಕ್ಕೆ ಮರಿ.

ಒಡೆಯದೆ ಉಳಿದ ಮೊಟ್ಟೆಗಳನ್ನು 23ನೇ ದಿನ ಬಿಚ್ಚಿ ನೋಡಿಯೇ ಎಸೆಯಬೇಕು. ಒಳಗೆ ಏನೂ ಬೆಳೆದಿಲ್ಲ ಎಂದರೆ ಮೊದಲ ಸಂಶಯ ಹುಂಜದ ಮೇಲೆ. ರಕ್ತದ ಉಂಗುರ ಕಂಡರೆ ಮೊದಲ ದಿನಗಳಲ್ಲೇ ಸತ್ತದ್ದು: ಮೊಟ್ಟೆ ಹಳತಾಗಿತ್ತು, ಇಲ್ಲವೇ ಬಿಸಿ ಏರುಪೇರಾಗಿತ್ತು. ಪೂರ್ತಿ ಬೆಳೆದ ಮರಿ ಚಿಪ್ಪಿನೊಳಗೇ ಸತ್ತಿದ್ದರೆ ತೇವಾಂಶವನ್ನೂ ತಿರುಗಿಸಿದ ಲೆಕ್ಕವನ್ನೂ ಪರೀಕ್ಷಿಸಿ, ಹುಂಜವನ್ನು ಅದರ ಪಾಡಿಗೆ ಬಿಡಿ.