ಗೋಡೆಯಾಚೆಯ ಸದ್ದಿನಿಂದ ಮೂರು ನಿಮಿಷದ ಕಿರುಚಿತ್ರ

ನಗರದ ಒಂಟಿತನದ ಮೇಲೆ ಪ್ರಾಯೋಗಿಕ ಕಿರುಚಿತ್ರ ಮಾಡುವುದಾದರೆ, ಖಾಲಿ ರಸ್ತೆ, ಕಿಟಕಿಗೆ ಒರಗಿದ ಮುಖ, ಹಿನ್ನೆಲೆಗೊಂದು ಪಿಯಾನೊ: ಈ ಮೂರನ್ನೂ ಮೊದಲೇ ಕೈಬಿಡಿ. ನಗರದಲ್ಲಿ ಒಂಟಿಯಾದವರ ಸುತ್ತ ಜನ ಇದ್ದೇ ಇರುತ್ತಾರೆ. ಅವರ ಮಾತು ಕೇಳಿಸುತ್ತದೆ, ಆದರೆ ಅದು ಇವರಿಗೆ ಆಡಿದ್ದಲ್ಲ. ಹಾಗಾಗಿ ಪ್ರಯೋಗ ಸದ್ದಿನಲ್ಲೇ ನಡೆಯಲಿ.

ಕ್ಯಾಮೆರಾ ಮುಟ್ಟುವ ಮುನ್ನ ಕೋಣೆಯಲ್ಲಿ ಸುಮ್ಮನೆ ಕೂತು, ಹೊರಗಿಂದ ಬರುವುದನ್ನೆಲ್ಲ ಬರೆದುಕೊಳ್ಳಿ: ಲಿಫ್ಟ್, ಮೇಲಿನ ಮನೆಯಲ್ಲಿ ಕುರ್ಚಿ ಎಳೆದದ್ದು, ಯಾರದೋ ಟೀವಿ. ಆರೇಳು ಸದ್ದು ಸಾಕು. ಒಂದೊಂದನ್ನೂ ಎರಡು ನಿಮಿಷ, 48 ಕಿಲೋಹರ್ಟ್ಸ್ ಸ್ಯಾಂಪಲ್ ರೇಟ್‌ನಲ್ಲಿ (ಸೆಕೆಂಡಿಗೆ ಎಷ್ಟು ಸಲ ಸದ್ದನ್ನು ಅಳೆಯುತ್ತದೆ ಎಂಬ ಲೆಕ್ಕ) ರೆಕಾರ್ಡ್ ಮಾಡಿ. ಜೋರು ಸದ್ದು ರೆಕಾರ್ಡರ್ ಮೀಟರ್‌ನಲ್ಲಿ ಮೈನಸ್ 12 ಡೆಸಿಬೆಲ್ ಆಸುಪಾಸಿನಲ್ಲಿರಲಿ. ರೂಮ್ ಟೋನ್, ಅಂದರೆ ಖಾಲಿ ಕೋಣೆಯದೇ ಸಣ್ಣ ಸದ್ದು, ಒಂದು ನಿಮಿಷ ಬೇಕೇ ಬೇಕು. ಇಲ್ಲವಾದರೆ ಪ್ರತಿ ಕಟ್‌ನಲ್ಲೂ ಹಿನ್ನೆಲೆ ಕತ್ತರಿಸಿದಂತೆ ಕೇಳುತ್ತದೆ. ರೆಕಾರ್ಡಿಂಗ್ ಮಟ್ಟವನ್ನು ತಾನೇ ಏರಿಳಿಸುವ ಆಟೋ ಗೇನ್ ಆಫ್ ಮಾಡಿ. ಸದ್ದು ನಿಂತ ಕೂಡಲೇ ಅದು ಮಟ್ಟ ಏರಿಸಿ, ಮೌನದ ಜಾಗದಲ್ಲಿ ಬುಸ್ಸೆನ್ನುವ ಶಬ್ದ ತುಂಬುತ್ತದೆ.

ನೆರೆಮನೆಯ ಮಾತನ್ನು ಕದ್ದು ರೆಕಾರ್ಡ್ ಮಾಡಬೇಡಿ. ಇಬ್ಬರು ಗೆಳೆಯರ ಹರಟೆಯನ್ನು ಪಕ್ಕದ ಕೋಣೆಯ ಸ್ಪೀಕರ್‌ನಲ್ಲಿ ಹಾಕಿ, ಬಾಗಿಲು ಮುಚ್ಚಿ, ಈಚೆಯಿಂದ ಮತ್ತೆ ರೆಕಾರ್ಡ್ ಮಾಡಿ. ಯಾವ ಫಿಲ್ಟರೂ ಗೋಡೆಯಷ್ಟು ಚೆನ್ನಾಗಿ ಕೆಲಸ ಮಾಡುವುದಿಲ್ಲ.

ಚಿತ್ರೀಕರಣಕ್ಕೆ ಎಂಟೊಂಬತ್ತು ಶಾಟ್, ಟ್ರೈಪಾಡ್ ಮೇಲೆ, ತಲಾ 90 ಸೆಕೆಂಡ್. 50 ಹರ್ಟ್ಸ್ ವಿದ್ಯುತ್ ಇರುವ ಕಡೆ ಸೆಕೆಂಡಿಗೆ 25 ಫ್ರೇಮ್, ಶಟರ್ 1/50 ಸೆಕೆಂಡ್. 60 ಹರ್ಟ್ಸ್ ಇದ್ದರೆ 30 ಫ್ರೇಮ್, 1/60. ತಪ್ಪಿದರೆ ಟ್ಯೂಬ್‌ಲೈಟ್ ಮಿನುಗುತ್ತದೆ. ಫೋಕಸ್, ಎಕ್ಸ್‌ಪೋಷರ್ (ಬೆಳಕಿನ ಪ್ರಮಾಣ), ವೈಟ್ ಬ್ಯಾಲೆನ್ಸ್ (ಬಣ್ಣದ ಹೊಂದಿಕೆ) ಮೂರನ್ನೂ ಲಾಕ್ ಮಾಡಿ, ಇಲ್ಲದಿದ್ದರೆ ಒಂದು ಹೆಡ್‌ಲೈಟ್ ಹಾದುಹೋದರೂ ಇಡೀ ಕೋಣೆ ಕಪ್ಪಾಗುತ್ತದೆ. ಗಾಜಿನ ಮೂಲಕ ತೆಗೆಯುವಾಗ ಒಳಗಿನ ದೀಪ ಆರಿಸಿ, ಲೆನ್ಸನ್ನು ಗಾಜಿಗೆ ತಾಗಿಸಿ, ಸುತ್ತ ಕಪ್ಪು ಬಟ್ಟೆ ಹಿಡಿಯಿರಿ.

ಎಡಿಟಿಂಗ್‌ನಲ್ಲಿ ಮೊದಲು ಮೂರು ನಿಮಿಷದ ಸದ್ದಿನ ಟ್ರ್ಯಾಕ್ ಕಟ್ಟಿ, ಆಮೇಲೆ ದೃಶ್ಯ ಹಾಸಿ. ಲಿಫ್ಟ್ ಕೇಳಲಿ, ಕಾಣುವುದು ಒಣಗಲು ಹಾಕಿದ ಒಂದೇ ತಟ್ಟೆ. ಸದ್ದೂ ದೃಶ್ಯವೂ ಕೂಡುವುದು ಒಂದೇ ಸಲ, ಅದೂ ಎರಡನೇ ನಿಮಿಷ ದಾಟಿದ ಮೇಲೆ. ಮುಂಚೆಯೇ ಕೂಡಿದರೆ ನೋಡುಗ ಕಿವಿಗೊಡುವುದನ್ನು ಬಿಡುತ್ತಾನೆ. ಕ್ರಿಯೆ ಮುಗಿದ ಮೇಲೂ ನಾಲ್ಕೈದು ಸೆಕೆಂಡ್ ಶಾಟ್ ಹಿಡಿಯಿರಿ. ಎಲ್ಲದರಲ್ಲೂ ಹತ್ತು ಸೆಕೆಂಡ್ ಹಿಡಿದರೆ ಅದು ಬರೀ ಸೋಮಾರಿ ಎಡಿಟಿಂಗ್.

ಮಿಕ್ಸ್ ಮುಗಿದ ಮೇಲೆ ಫೋನ್ ಸ್ಪೀಕರ್‌ನಲ್ಲಿ ಕೇಳಿ. ಅದು ಮಂದ್ರ ಸ್ವರಗಳನ್ನು ನುಂಗುತ್ತದೆ. ಗೋಡೆಯಾಚೆಯ ಮಾತು ಮಾಯವಾಗಿದ್ದರೆ ಈಕ್ವಲೈಸರ್‌ನಲ್ಲಿ 1 ಕಿಲೋಹರ್ಟ್ಸ್ ಸುತ್ತ ಎರಡು-ಮೂರು ಡೆಸಿಬೆಲ್ ಏರಿಸಿ, ಪದಗಳು ಅರ್ಥವಾಗತೊಡಗುವ ಮುನ್ನ ನಿಲ್ಲಿಸಿ.