ಕೆಲಸ ಹುಡುಕುವವರು ಮತ್ತು ಕೊಡುವವರು ಪರಸ್ಪರ ಕಂಡುಕೊಳ್ಳುವ ಬಗೆ

ಒಂದು ಕಡೆ ಖಾಲಿ ಹುದ್ದೆಗಳು, ಇನ್ನೊಂದು ಕಡೆ ಅವಕ್ಕೆ ತಕ್ಕ ನಿರುದ್ಯೋಗಿಗಳು ಏಕಕಾಲಕ್ಕೆ ಇರುವುದು ಹೇಗೆಂಬುದನ್ನು ವಿಶ್ಲೇಷಿಸಿದ ಪೀಟರ್ ಡೈಮಂಡ್, ಡೇಲ್ ಮಾರ್ಟೆನ್ಸೆನ್ ಮತ್ತು ಕ್ರಿಸ್ಟೋಫರ್ ಪಿಸಾರಿಡೀಸ್ ಅವರಿಗೆ 2010ರಲ್ಲಿ ಅರ್ಥಶಾಸ್ತ್ರದ ನೊಬೆಲ್ ದೊರೆಯಿತು. ಹುಡುಕಾಟಕ್ಕೆ ಇಬ್ಬರಿಗೂ ಸಮಯ ಮತ್ತು ಹಣ ತಗಲುತ್ತದೆ ಎಂಬುದು ಅವರ ಉತ್ತರದ ತಿರುಳು. ಆದ್ದರಿಂದ ಕೆಲವು ತಿಂಗಳು ಕೆಲಸ ಸಿಗಲಿಲ್ಲವೆಂದರೆ ಅದನ್ನು ನಿಮ್ಮ ಅಯೋಗ್ಯತೆಯೆಂದು ತಿಳಿಯಬೇಡಿ. ಹುದ್ದೆಗಳ ಸುದ್ದಿ ನಿಮ್ಮನ್ನು ತಲುಪುವ ದಾರಿಗಳು ಎಷ್ಟಿವೆಯೆಂದು ಮೊದಲು ನೋಡಿಕೊಳ್ಳಿ.

ಈ ದಾರಿಗಳಲ್ಲಿ ಬಹಳ ಮಂದಿ ಕಡೆಗಣಿಸುವುದು ಅಷ್ಟೇನೂ ಆಪ್ತರಲ್ಲದ ಪರಿಚಿತರನ್ನು. ಸಮಾಜಶಾಸ್ತ್ರಜ್ಞ ಮಾರ್ಕ್ ಗ್ರಾನೊವೆಟರ್ 1973ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ಪರಿಚಯದ ಮೂಲಕ ಹೊಸ ಕೆಲಸ ಕಂಡುಕೊಂಡವರಲ್ಲಿ ಸುದ್ದಿ ಕೊಟ್ಟ ವ್ಯಕ್ತಿಯನ್ನು ಆಗಾಗ್ಗೆ ಭೇಟಿಯಾಗುತ್ತಿದ್ದವರು ಶೇಕಡ 17ರಷ್ಟು ಮಾತ್ರ. ಉಳಿದವರಿಗೆ ಆ ಸುದ್ದಿ ಬಂದದ್ದು ಆಗೊಮ್ಮೆ ಈಗೊಮ್ಮೆ ಅಥವಾ ಅಪರೂಪಕ್ಕೆ ಕಾಣುವವರಿಂದ. ಆಪ್ತರಿಗೆ ತಿಳಿದಿರುವುದು ಬಹುಮಟ್ಟಿಗೆ ನಮಗೂ ತಿಳಿದಿರುತ್ತದೆ, ಆದರೆ ಬೇರೆ ವಲಯದಲ್ಲಿ ಓಡಾಡುವವರು ಬೇರೆಯದೇ ಸುದ್ದಿ ಕೇಳಿರುತ್ತಾರೆ. ಹಳೆಯ ಸಹೋದ್ಯೋಗಿಗಳು, ಸಹಪಾಠಿಗಳು, ವ್ಯವಹಾರದಲ್ಲಿ ಪರಿಚಯವಾದವರು ಇವರೆಲ್ಲರ ಪಟ್ಟಿಯೊಂದನ್ನು ಬರೆದುಕೊಂಡು, ಒಬ್ಬೊಬ್ಬರನ್ನೇ ಮಾತನಾಡಿಸಿ. "ಒಂದು ಕೆಲಸ ಕೊಡಿಸಿ" ಎಂದು ಕೇಳಿದರೆ ಅವರಿಗೆ ಮುಜುಗರವಾಗುತ್ತದೆ; "ನಿಮ್ಮಲ್ಲಿ ಈಗ ಯಾವ ಕೆಲಸಕ್ಕೆ ಜನ ಬೇಕಾಗಿದ್ದಾರೆ, ಯಾರನ್ನು ವಿಚಾರಿಸಲಿ?" ಎಂದರೆ ಉತ್ತರಿಸುವುದು ಸುಲಭ.

ಇದಕ್ಕಿಂತ ಕಡಿಮೆ ಸಂಬಳಕ್ಕೆ ಒಪ್ಪುವುದಿಲ್ಲವೆಂಬ ಮಿತಿಯನ್ನು ಸಂದರ್ಶನಕ್ಕೆ ಹೋಗುವ ಮೊದಲೇ, ಕೈಯಲ್ಲಿರುವ ಉಳಿತಾಯ ಎಷ್ಟು ತಿಂಗಳಿಗೆ ಸಾಕಾಗುತ್ತದೆಂಬ ಲೆಕ್ಕದ ಮೇಲೆ ನಿರ್ಧರಿಸಿ. ಉಳಿತಾಯ ಕರಗಿದಂತೆ ಮಿತಿಯನ್ನು ಇಳಿಸಬೇಕಾಗಬಹುದು, ಅದರಲ್ಲಿ ನಾಚಿಕೆಪಡುವಂಥದ್ದೇನೂ ಇಲ್ಲ.

ಅರ್ಜಿಯ ವಿಷಯದಲ್ಲಿ ಒಂದನ್ನು ನೆನಪಿಡಬೇಕು: ಅಭ್ಯರ್ಥಿಯ ಸಾಮರ್ಥ್ಯ ಉದ್ಯೋಗದಾತರ ಕಣ್ಣಿಗೆ ನೇರವಾಗಿ ಬೀಳುವುದಿಲ್ಲ, ಅವರು ಪದವಿ, ಅನುಭವದಂತಹ ಕುರುಹುಗಳಿಂದ ಅದನ್ನು ಊಹಿಸುತ್ತಾರೆ. ಅರ್ಥಶಾಸ್ತ್ರಜ್ಞ ಮೈಕೆಲ್ ಸ್ಪೆನ್ಸ್ 1973ರಲ್ಲಿ ವಿವರಿಸಿದಂತೆ, ಸಾಮರ್ಥ್ಯವಿಲ್ಲದವರಿಗೆ ಗಳಿಸಲು ಕಷ್ಟವಾದ ಕುರುಹಿಗಷ್ಟೇ ಬೆಲೆ. "ಪರಿಶ್ರಮಿ" ಎಂದು ಯಾರು ಬೇಕಾದರೂ ಬರೆದುಕೊಳ್ಳಬಹುದಾದ್ದರಿಂದ ಆ ಜಾಗದಲ್ಲಿ ಮಾಡಿ ಮುಗಿಸಿದ ಕೆಲಸವೊಂದನ್ನು, ಅದನ್ನು ದೃಢಪಡಿಸಬಲ್ಲವರ ಹೆಸರಿನೊಂದಿಗೆ, ನಮೂದಿಸಿ.

ಉದ್ಯೋಗದಾತರು ಸಂಬಳ ಮತ್ತು ಕೆಲಸದ ಸ್ವರೂಪವನ್ನು ಜಾಹೀರಾತಿನಲ್ಲಿಯೇ ಸ್ಪಷ್ಟಪಡಿಸಿದರೆ ಒಗ್ಗದ ಅರ್ಜಿಗಳು ತಾವಾಗಿಯೇ ಕಡಿಮೆಯಾಗುತ್ತವೆ. ಸಿಬ್ಬಂದಿಯ ಶಿಫಾರಸಿನಿಂದ ನಂಬಿಕೆಗೆ ಅರ್ಹರಾದವರು ಬೇಗ ಸಿಗುವುದು ನಿಜವಾದರೂ, ಶಿಫಾರಸು ಮಾಡುವವರು ಸಾಮಾನ್ಯವಾಗಿ ತಮ್ಮಂಥವರನ್ನೇ ಕರೆತರುತ್ತಾರೆ ಮತ್ತು ಪರಿಚಯವಿಲ್ಲದ ಸಮರ್ಥರು ಹೊರಗೇ ಉಳಿಯುತ್ತಾರೆ. ಆದಕಾರಣ ಶಿಫಾರಸು ಕೇಳುವ ದಿನವೇ ಹುದ್ದೆಯನ್ನು ಬಹಿರಂಗವಾಗಿಯೂ ಪ್ರಕಟಿಸಿ, ಎರಡೂ ದಾರಿಯಿಂದ ಬಂದವರಿಗೆ ಒಂದೇ ಪರೀಕ್ಷೆಯನ್ನು ಕೊಡಬೇಕು.